ಹಳೆ ಹಾಲಿವುಡ್ ಚಿತ್ರಗಳಲ್ಲಿ ಮತ್ತೆ ಮತ್ತೆ ಕಾಣುವ ಆ ಮುಖಗಳು ಯಾರವು?

ಪ್ರಶ್ನೆ: ಇತ್ತೀಚೆಗೆ 1930ರ ದಶಕದ ಹಾಲಿವುಡ್ ಚಿತ್ರಗಳನ್ನು ನೋಡುವ ಹುಚ್ಚು ಹಿಡಿದಿದೆ. ನಾಯಕ, ನಾಯಕಿ ಬದಲಾಗುತ್ತಾರೆ. ಆದರೆ ಹೋಟೆಲ್ ಗುಮಾಸ್ತ, ವಕೀಲ, ಮನೆಕೆಲಸದಾಕೆ, ಪಾರ್ಟಿಯಲ್ಲಿ ನಿಂತ ಹೆಂಗಸು, ಇವರದ್ದೆಲ್ಲ ಅದೇ ಮುಖಗಳು. ಕೆಲವರ ಹೆಸರು ಟೈಟಲ್ ಕಾರ್ಡಿನಲ್ಲೂ ಇರುವುದಿಲ್ಲ. ಯಾರು ಇವರು? ಒಬ್ಬರೇ ಅಷ್ಟೊಂದು ಚಿತ್ರಗಳಲ್ಲಿ ನಟಿಸಿದ್ದು ಹೇಗೆ? ಸಿನಿಮಾಕ್ಕೆ ಮಾತು ಬಂದಾಗ ಮೂಕಿ ಕಾಲದ ನಟರ ಬದುಕು ಹಾಳಾಯಿತು ಅಂತ ಕೇಳಿದ್ದೇನೆ. ಇವರ ಕಥೆಯೂ ಅದೇನಾ?

ಉತ್ತರ: ಕೊನೆಯ ಪ್ರಶ್ನೆಯಿಂದಲೇ ಶುರು ಮಾಡುತ್ತೇನೆ. ಉಳಿದ ಎರಡಕ್ಕೂ ಉತ್ತರದ ದಾರಿ ಅಲ್ಲೇ ಇದೆ. ಮಾತು ಬಂದಾಗ ಹಲವು ತಾರೆಯರಿಗೆ ಪೆಟ್ಟು ಬಿದ್ದದ್ದು ನಿಜ. ಪೋಷಕ ನಟರ ಕಥೆ ಮಾತ್ರ ಬೇರೆ. ಅವರಿಗೆ ಮಾತು ಅನ್ನ ಕೊಟ್ಟಿತು. ನೀವು ಗುರುತು ಹಿಡಿಯುತ್ತಿರುವ ಮುಖಗಳಲ್ಲಿ ಹೆಚ್ಚಿನವು ಪರದೆಗೆ ಬಂದದ್ದೇ ದನಿಯ ಬಲದಿಂದ.

1927ರ ಅಕ್ಟೋಬರ್ 6ರಂದು ನ್ಯೂಯಾರ್ಕಿನಲ್ಲಿ ವಾರ್ನರ್ ಬ್ರದರ್ಸ್ 'ದ ಜಾಝ್ ಸಿಂಗರ್' ತೆರೆಗೆ ತಂದಿತು. ಅದರಲ್ಲಿ ಮಾತು ಇದ್ದದ್ದು ಅಲ್ಲೊಂದು ಇಲ್ಲೊಂದು ಕಡೆ ಅಷ್ಟೆ. ಉಳಿದ ಕಥೆ ಮೂಕಿಯ ಹಾಗೆ ಬರಹದ ಕಾರ್ಡುಗಳ ಮೇಲೆಯೇ ಸಾಗುತ್ತಿತ್ತು. ಪೂರ್ತಿ ಮಾತಿನ ಮೊದಲ ಕಥಾಚಿತ್ರ ಬಂದದ್ದು 1928ರಲ್ಲಿ. ಹೆಸರು 'ಲೈಟ್ಸ್ ಆಫ್ ನ್ಯೂಯಾರ್ಕ್'. ಒಂದು ಗಂಟೆಯೂ ಇಲ್ಲದ ಅಗ್ಗದ ಚಿತ್ರ, ಆದರೂ ಹಾಕಿದ ದುಡ್ಡಿನ ಹತ್ತಾರು ಪಟ್ಟು ಗಳಿಸಿತು. ಈಗ ನೋಡಿದರೆ ಬಹಳ ಬಿಗಿ ಅನಿಸುತ್ತದೆ. ಕ್ಯಾಮೆರಾದ ಸದ್ದು ಕೇಳಬಾರದು ಅಂತ ಅದನ್ನು ಗೂಡಿನೊಳಗೆ ಕೂರಿಸಿದ್ದರು. ಮೈಕನ್ನು ಮೇಜಿನ ಮೇಲಿನ ಸಾಮಾನುಗಳ ನಡುವೆ ಅಡಗಿಸುತ್ತಿದ್ದರು. ನಟರು ಆ ಮೈಕಿನ ಸುತ್ತ ಗುಂಪುಗೂಡಿ ನಿಂತು, ಒಬ್ಬರು ಮುಗಿಸಿದ ಮೇಲೆ ಇನ್ನೊಬ್ಬರು ಒಂದೊಂದೇ ಮಾತನ್ನು ನಿಧಾನಕ್ಕೆ ಹೇಳುತ್ತಾರೆ.

ಈ ಬಿಗಿಯಲ್ಲೂ ಒಬ್ಬ ಮನುಷ್ಯ ಮಾತ್ರ ಹಾಯಾಗಿದ್ದಾನೆ. ನಾಯಕನ ಜೊತೆಗಾರನಾದ ಕ್ಷೌರಿಕ, ಹೆಸರು ಜೀನ್. ಆ ಪಾತ್ರ ಮಾಡಿದವರು ಯೂಜೀನ್ ಪ್ಯಾಲೆಟ್. ಅವರ ಹಿಂದಿನ ಬದುಕನ್ನು ನೋಡಿದರೆ ಮಾತು ಏನು ಮಾಡಿತು ಅನ್ನುವುದು ಸ್ಪಷ್ಟವಾಗುತ್ತದೆ. 1889ರಲ್ಲಿ ಕ್ಯಾನ್ಸಸ್‌ನ ವಿನ್‌ಫೀಲ್ಡ್‌ನಲ್ಲಿ ಹುಟ್ಟಿದವರು. 1916ರ 'ಇಂಟಾಲರನ್ಸ್' ಮೂಕಿ ಚಿತ್ರದಲ್ಲಿ ಅವರು ತೆಳ್ಳಗಿನ, ಚೆಂದದ ಪ್ರೇಮಿ! ಫ್ರಾನ್ಸಿನ ಕಥೆಯ ಭಾಗದಲ್ಲಿ ಮದುವೆಯ ಹುಡುಗಿಯನ್ನು ಉಳಿಸಲು ಓಡುವ ತರುಣ. ಮೊದಲ ಮಹಾಯುದ್ಧದ ನಂತರ ವಾಪಸ್ ಬರುವ ಹೊತ್ತಿಗೆ ಪ್ರೇಮಿಯ ಪಾತ್ರಗಳು ಬೇರೆಯವರ ಪಾಲಾಗಿದ್ದವು, ಮೈಯೂ ದಪ್ಪವಾಗುತ್ತಾ ಹೋಯಿತು. ಮೂಕಿಯಲ್ಲಿ ದಪ್ಪ ಮನುಷ್ಯನಿಗೆ ಇದ್ದದ್ದು ಬೀಳುವ, ಏಳುವ ಕೆಲಸಗಳೇ ಜಾಸ್ತಿ. ಆಮೇಲೆ ಮೈಕ್ ಬಂತು. ಅವರ ಗಂಟಲಿನಿಂದ ಹೊರಟದ್ದು ಮಳೆಗಾಲದ ಗೋಂಕರು ಕಪ್ಪೆಯ ಹಾಗಿನ ದನಿ. ಅಂಥ ದನಿ ಇನ್ನೊಬ್ಬರಿಗೆ ಇರಲಿಲ್ಲ. 1936ರ 'ಮೈ ಮ್ಯಾನ್ ಗಾಡ್‌ಫ್ರೀ' ಚಿತ್ರದಲ್ಲಿ ಹುಚ್ಚು ಸಂಸಾರದ ನಡುವೆ ಸಿಕ್ಕಿಕೊಂಡ ಶ್ರೀಮಂತ ಅಪ್ಪ ಅವರೇ. 1938ರ 'ದ ಅಡ್ವೆಂಚರ್ಸ್ ಆಫ್ ರಾಬಿನ್ ಹುಡ್'ನಲ್ಲಿ ಕತ್ತಿ ಹಿಡಿದ ಸನ್ಯಾಸಿ ಫ್ರಯರ್ ಟಕ್ ಅವರೇ. ಒಂದು ವರ್ಷ ಬಿಟ್ಟು 'ಮಿಸ್ಟರ್ ಸ್ಮಿತ್ ಗೋಸ್ ಟು ವಾಷಿಂಗ್ಟನ್'ನಲ್ಲಿ ರಾಜಕೀಯದ ದಳ್ಳಾಳಿಯೂ ಅವರೇ. 'ಗಾಡ್‌ಫ್ರೀ'ಯಲ್ಲಿ ಕಣ್ಣು ಮುಚ್ಚಿಕೊಂಡು ಐದು ನಿಮಿಷ ಕೇಳಿ ನೋಡಿ. ಎಲ್ಲರೂ ಒಟ್ಟಿಗೆ ಕಿರುಚಾಡುವಾಗಲೂ ಆ ದನಿ ನೆಲ ಮಟ್ಟದಲ್ಲಿ ಬೇರೆಯಾಗಿ ಕೇಳುತ್ತದೆ. ಇಡೀ ದೃಶ್ಯ ಚೆಲ್ಲಾಪಿಲ್ಲಿಯಾಗದೆ ನಿಲ್ಲುವುದು ಅದರ ಮೇಲೆ.

ಇದರ ಹಿಂದಿನ ಲೆಕ್ಕಾಚಾರ ಸರಳ. ಮೂಕಿಯಲ್ಲಿ ಹೋಟೆಲ್ ಗುಮಾಸ್ತ ಬೀಗದಕೈ ಕೊಟ್ಟರೆ ಆಯಿತು, ಯಾರು ನಿಂತರೂ ನಡೆಯುತ್ತಿತ್ತು. ಟಾಕಿಯಲ್ಲಿ ಅವನು "ರೂಮ್ ಖಾಲಿ ಇಲ್ಲ" ಅನ್ನಬೇಕು. ಆ ಒಂದು ಮಾತಿನಲ್ಲೇ ಅವನು ಸಿಡುಕನೋ, ಹೆದರುಪುಕ್ಕಲನೋ, ಲಂಚಕ್ಕೆ ಕೈ ಚಾಚುವವನೋ ಅನ್ನುವುದು ಪ್ರೇಕ್ಷಕರಿಗೆ ಗೊತ್ತಾಗಬೇಕು. ಚಿತ್ರದ ಒಟ್ಟು ಅವಧಿ ಎಪ್ಪತ್ತು ಎಂಬತ್ತು ನಿಮಿಷ ಇದ್ದಾಗ ಗುಮಾಸ್ತನಿಗೆ ಸಿಗುವುದು ಇಪ್ಪತ್ತು ಸೆಕೆಂಡು. ಹಾಗಾಗಿ ಬಾಯಿ ತೆರೆದ ಕೂಡಲೇ ಪಾತ್ರ ಗುರುತು ಸಿಗುವಂಥ ನಟ ಬೇಕು. ಒಮ್ಮೆ ಅಂಥವರು ಸಿಕ್ಕರೆ ನಿರ್ದೇಶಕರು ಬಿಡುತ್ತಿರಲಿಲ್ಲ. ನಿಮಗೆ ಅದೇ ಮುಖ ಮತ್ತೆ ಮತ್ತೆ ಕಾಣುವುದಕ್ಕೆ ಇದು ಮೊದಲ ಕಾರಣ.

ಇವರೆಲ್ಲ ಎಲ್ಲಿಂದ ಬಂದರು? ಹೆಚ್ಚಿನವರು ರಂಗಭೂಮಿಯಿಂದ, ಊರೂರು ಸುತ್ತುವ ನಾಟಕ ತಂಡಗಳಿಂದ, ಹಾಡು, ಕುಣಿತ, ನಗೆ ತುಂಬಿದ ವಾಡ್‌ವಿಲ್ ಪ್ರದರ್ಶನಗಳಿಂದ. ಇಲ್ಲೊಂದು ಕಹಿ ಸಂಗತಿಯೂ ಇದೆ. ಥಿಯೇಟರುಗಳು ಸೌಂಡ್ ಯಂತ್ರ ಹಾಕಿಸಿಕೊಂಡ ಮೇಲೆ ವೇದಿಕೆಯ ಕಲಾವಿದರನ್ನು ಮನೆಗೆ ಕಳಿಸಿದವು. 1929ರ ಆರ್ಥಿಕ ಕುಸಿತ ಉಳಿದದ್ದನ್ನೂ ಮುಗಿಸಿತು. ಹಾಗೆ ಕೆಲಸ ಕಳೆದುಕೊಂಡವರು ಅದೇ ಟಾಕಿಯಲ್ಲಿ ಕೆಲಸ ಹುಡುಕಿಕೊಂಡು ಕ್ಯಾಲಿಫೋರ್ನಿಯಾದ ರೈಲು ಹತ್ತಿದರು. ನಮ್ಮಲ್ಲೂ ಮೊದಲು ತೆರೆಕಂಡ ಕನ್ನಡ ಟಾಕಿ, 1934ರ 'ಸತಿ ಸುಲೋಚನ', ಸುಬ್ಬಯ್ಯ ನಾಯ್ಡು, ಆರ್. ನಾಗೇಂದ್ರರಾಯರಂಥ ನಾಟಕ ಕಂಪನಿಯ ನಟರನ್ನೇ ನೆಚ್ಚಿಕೊಂಡಿತ್ತು ಅಲ್ವಾ. ಕೊನೆಯ ಸಾಲಿನವರಿಗೂ ಕೇಳುವಂತೆ ಮಾತಾಡಿ ಅಭ್ಯಾಸ ಇದ್ದವರು ಅವರೇ.

ಎರಡನೇ ಕಾರಣ ಸ್ಟುಡಿಯೋಗಳ ಹಸಿವು. 1930ರ ದಶಕದಲ್ಲಿ ಅಮೆರಿಕದಲ್ಲಿ ವರ್ಷಕ್ಕೆ ಸುಮಾರು 500 ಕಥಾಚಿತ್ರಗಳು ತಯಾರಾಗುತ್ತಿದ್ದವು. ದೊಡ್ಡ ಸ್ಟುಡಿಯೋಗಳಿಗೆ ಸ್ವಂತ ಥಿಯೇಟರ್ ಸರಪಳಿಗಳಿದ್ದವು. ಅಲ್ಲಿ ವಾರವಾರವೂ ಹೊಸದು ಬೇಕು. ಒಂದು ಟಿಕೆಟ್ಟಿಗೆ ಎರಡು ಚಿತ್ರ ತೋರಿಸುವ ರೂಢಿ ಬಂದ ಮೇಲಂತೂ ಬೇಡಿಕೆ ಇನ್ನೂ ಏರಿತು. ವಾರ್ನರ್ ಬ್ರದರ್ಸ್ ಅಂತೂ ಗೈ ಕಿಬ್ಬೀ, ಫ್ರ್ಯಾಂಕ್ ಮೆಕ್‌ಹ್ಯೂ, ಆ್ಯಲನ್ ಜೆಂಕಿನ್ಸ್, ರೂತ್ ಡಾನ್ನಲಿ, ಅಲೀನ್ ಮೆಕ್‌ಮಹನ್ ಇವರನ್ನೆಲ್ಲ ಸಂಬಳದ ಮೇಲೆ ಇಟ್ಟುಕೊಂಡು ಒಂದು ಸೆಟ್ಟಿನಿಂದ ಇನ್ನೊಂದು ಸೆಟ್ಟಿಗೆ ಓಡಾಡಿಸುತ್ತಿತ್ತು.

ಓಡಾಡಿದವರಲ್ಲಿ ನನಗೆ ತುಂಬಾ ಪ್ರೀತಿಯವರು ಚಾರ್ಲ್ಸ್ ಲೇನ್. ತೆಳ್ಳಗಿನ ಮೈ, ಕನ್ನಡಕ, ಚೂಪು ಮೂಗು, ಎದುರಿಗಿದ್ದವರ ಮೇಲೆ ಸದಾ ಅಸಹನೆ. ನೀವು ಹೇಳಿದ 'ವಕೀಲ' ಇವರೇ ಇರಬೇಕು. 'ಮಿಸ್ಟರ್ ಡೀಡ್ಸ್ ಗೋಸ್ ಟು ಟೌನ್' ಚಿತ್ರದಲ್ಲಿ ಮೋಸದ ವಕೀಲ. 'ಯು ಕಾಂಟ್ ಟೇಕ್ ಇಟ್ ವಿತ್ ಯು'ನಲ್ಲಿ ತಾತನ ಮನೆಗೆ ತೆರಿಗೆ ಕೇಳಲು ಬಂದು ಸೋತು ಹೋಗುವ ಅಧಿಕಾರಿ. 'ಇಟ್ಸ್ ಎ ವಂಡರ್‌ಫುಲ್ ಲೈಫ್'ನಲ್ಲಿ ಬಾಡಿಗೆ ವಸೂಲಿ ಮಾಡುವವನು. 1905ರ ಜನವರಿ 26ರಂದು ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ಹುಟ್ಟಿ, ಮರುವರ್ಷದ ಮಹಾ ಭೂಕಂಪದಲ್ಲಿ ಬದುಕುಳಿದ ಮಗು. ದೊಡ್ಡವರಾದ ಮೇಲೆ ಇನ್ಶೂರೆನ್ಸ್ ಮಾರುತ್ತಿದ್ದರು. ಪ್ಯಾಸಡೀನಾ ಪ್ಲೇಹೌಸ್‌ನಲ್ಲಿ ನಾಟಕ ಮಾಡುತ್ತಾ 1930ರ ಹೊತ್ತಿಗೆ ಸಿನಿಮಾಕ್ಕೆ ಕಾಲಿಟ್ಟರು. ದಿನದ ಕೂಲಿ 35 ಡಾಲರ್. 1933 ಒಂದೇ ವರ್ಷದಲ್ಲಿ 23 ಚಿತ್ರಗಳು! ಒಂದು ಸೆಟ್ಟಿನಲ್ಲಿ ಎರಡು ಮಾತು ಹೇಳಿ, ಅದೇ ದಿನ ಇನ್ನೊಂದು ಸೆಟ್ಟಿಗೆ ಹೋಗುವುದೂ ಇತ್ತು. ಸುಮ್ನೆ ಸಿನಿಮಾ ನೋಡಲು ಹೋದಾಗ ಪರದೆಯ ಮೇಲೆ ತನ್ನನ್ನೇ ಕಂಡು ಬೆರಗಾದದ್ದುಂಟು ಅಂತ ಅವರೇ ಹೇಳಿಕೊಂಡಿದ್ದಾರೆ. ಯಾವ ಚಿತ್ರಕ್ಕಾಗಿ ಆ ಮಾತು ಹೇಳಿದೆ ಅನ್ನುವುದೇ ನೆನಪಿರದಷ್ಟು ಕೆಲಸ.

ಅವರ ಕೆಲಸ ಸಣ್ಣದು ಅನಿಸಬಹುದು. ಆದರೆ 'ಯು ಕಾಂಟ್ ಟೇಕ್ ಇಟ್ ವಿತ್ ಯು'ನ ಆ ತೆರಿಗೆ ದೃಶ್ಯವನ್ನು ಗಮನಿಸಿ. ನಗು ಬರುವುದು ತಾತನ ತಮಾಷೆಗೆ ಅಂತ ನಾವು ಅಂದುಕೊಳ್ಳುತ್ತೇವೆ. ನಿಜಕ್ಕೂ ನಗು ಹುಟ್ಟುವುದು ಲೇನ್ ತಮ್ಮ ಸಿಟ್ಟನ್ನು ಎಷ್ಟು ಗಂಭೀರವಾಗಿ ಹಿಡಿದಿಟ್ಟುಕೊಳ್ಳುತ್ತಾರೆ ಅನ್ನುವುದರಲ್ಲಿ. ಅವರು ಒಂದು ಕ್ಷಣ ನಕ್ಕುಬಿಟ್ಟಿದ್ದರೆ ದೃಶ್ಯ ಅಲ್ಲೇ ಸತ್ತುಹೋಗುತ್ತಿತ್ತು. 2005ರಲ್ಲಿ ಅವರಿಗೆ ನೂರು ತುಂಬಿದಾಗ ಒಂದು ಟಿವಿ ಪ್ರಶಸ್ತಿ ಸಮಾರಂಭದಲ್ಲಿ ಸನ್ಮಾನ ಮಾಡಿದರು. ಯಾರಿಗಾದರೂ ಬೇಕಿದ್ದರೆ ನಾನು ಈಗಲೂ ಕೆಲಸಕ್ಕೆ ಸಿಗುತ್ತೇನೆ ಅಂದರು. 2007ರ ಜುಲೈನಲ್ಲಿ, 102ನೇ ವಯಸ್ಸಿನಲ್ಲಿ ತೀರಿಕೊಂಡರು.

ಲೇನ್ ಇನ್ನೊಂದು ಕಾರಣಕ್ಕೂ ಮುಖ್ಯ. ನಟರ ಸಂಘವಾದ ಸ್ಕ್ರೀನ್ ಆ್ಯಕ್ಟರ್ಸ್ ಗಿಲ್ಡ್‌ನ ಆರಂಭದ ಸದಸ್ಯರಲ್ಲಿ ಅವರೂ ಒಬ್ಬರು. 1933ರ ಮಾರ್ಚ್‌ನಲ್ಲಿ ಅಮೆರಿಕದ ಬ್ಯಾಂಕುಗಳು ಮುಚ್ಚಿದಾಗ ಸ್ಟುಡಿಯೋಗಳು ಹಲವರ ಸಂಬಳವನ್ನು ಅರ್ಧಕ್ಕೆ ಇಳಿಸಿದವು. ಕೆಲಸದ ಹೊತ್ತಿಗಂತೂ ಮಿತಿಯೇ ಇರಲಿಲ್ಲ. ಶನಿವಾರ ಬೆಳಿಗ್ಗೆ ಶುರುವಾದ ಚಿತ್ರೀಕರಣ ಭಾನುವಾರ ಬೆಳಗಿನ ಜಾವಕ್ಕೆ ಮುಗಿಯುವುದೂ ಇತ್ತು. ಆ ವರ್ಷದ ಬೇಸಿಗೆಯಲ್ಲಿ ಸಂಘ ಕಟ್ಟಿದವರ ಪಟ್ಟಿ ನೋಡಿದರೆ ದೊಡ್ಡ ತಾರೆಗಳು ಸಿಗುವುದಿಲ್ಲ. ಮೊದಲ ಅಧ್ಯಕ್ಷ ರಾಲ್ಫ್ ಮಾರ್ಗನ್ ಪೋಷಕ ನಟ. ಬಟ್ಲರ್ ಪಾತ್ರಗಳಿಗೆ ಹೆಸರಾದ ಆ್ಯಲನ್ ಮೌಬ್ರೇ, ಬೋರಿಸ್ ಕಾರ್ಲಾಫ್, ಲೈಲ್ ಟಾಲ್ಬಟ್ ಇಂಥವರೇ ಮುಂದೆ ನಿಂತವರು. ತಾರೆಗಳು ಸೇರಿಕೊಂಡದ್ದು ಆಮೇಲೆ. ಸ್ಟುಡಿಯೋಗಳು ಸಂಘವನ್ನು ಒಪ್ಪಿ ಕರಾರಿಗೆ ಸಹಿ ಹಾಕಿದ್ದು 1937ರಲ್ಲಿ. ಇವತ್ತು ಹಾಲಿವುಡ್ ನಟರಿಗೆ ಇರುವ ಹಕ್ಕುಗಳ ಬುನಾದಿ ಹಾಕಿದವರಲ್ಲಿ ಪೋಸ್ಟರಿನಲ್ಲಿ ಸಣ್ಣ ಅಕ್ಷರದ ಜನ ಬಹಳ ಇದ್ದಾರೆ. ಇದನ್ನು ಯಾರೂ ಸಾಕಷ್ಟು ಹೇಳುವುದಿಲ್ಲ ಅನ್ನುವುದು ನನ್ನ ಬೇಸರ.

ಆ ಪಟ್ಟಿಯಲ್ಲಿ ಕ್ರಿಕೆಟ್ ಪ್ರಿಯರಿಗೂ ಒಬ್ಬರಿದ್ದಾರೆ, ಸಿ. ಆಬ್ರೀ ಸ್ಮಿತ್. ದಪ್ಪ ಹುಬ್ಬು, ಬಿಳಿ ಮೀಸೆ, ಸೇನೆಯ ಕರ್ನಲ್ ಅಥವಾ ಮುದಿ ಜಮೀನ್ದಾರನ ಪಾತ್ರ. 'ದ ಪ್ರಿಸನರ್ ಆಫ್ ಝೆಂಡಾ'ದಲ್ಲಿ ನೋಡಿರುತ್ತೀರಿ. 1889ರಲ್ಲಿ ದಕ್ಷಿಣ ಆಫ್ರಿಕಾದ ಪೋರ್ಟ್ ಎಲಿಜಬೆತ್‌ನಲ್ಲಿ ಇವರು ಇಂಗ್ಲೆಂಡ್ ತಂಡದ ನಾಯಕ! ಮೊದಲ ಇನ್ನಿಂಗ್ಸ್‌ನಲ್ಲಿ 19 ರನ್ನಿಗೆ 5 ವಿಕೆಟ್. ಅವರು ಆಡಿದ ಒಂದೇ ಒಂದು ಟೆಸ್ಟ್ ಅದು. 1932ರಲ್ಲಿ ಹಾಲಿವುಡ್ ಕ್ರಿಕೆಟ್ ಕ್ಲಬ್ ಕಟ್ಟಿ, ಬ್ರಿಟಿಷ್ ನಟರನ್ನೆಲ್ಲ ಮೈದಾನಕ್ಕೆ ಎಳೆತಂದರು.

ಇನ್ನು ಡ್ವೈಟ್ ಫ್ರೈ. ಇವರ ಬಗ್ಗೆ ಸ್ವಲ್ಪ ಜಾಸ್ತಿ ಹೇಳಲೇಬೇಕು. ಅಷ್ಟೊಂದು ಪ್ರತಿಭೆಯನ್ನು ಅಷ್ಟು ಕಡಿಮೆ ಬಳಸಿಕೊಂಡ ಉದಾಹರಣೆ ಆ ಕಾಲದಲ್ಲಿ ಇನ್ನೊಂದಿಲ್ಲ ಅಂತ ನಾನು ನಂಬುತ್ತೇನೆ.

1931ರ 'ಡ್ರಾಕುಲಾ' ಚಿತ್ರದ ರೆನ್‌ಫೀಲ್ಡ್ ಇವರು. ಅದೇ ವರ್ಷದ ಕೊನೆಗೆ ಬಂದ 'ಫ್ರಾಂಕೆನ್‌ಸ್ಟೈನ್'ನಲ್ಲಿ ಗೂನು ಬೆನ್ನಿನ ಸಹಾಯಕ ಫ್ರಿಟ್ಸ್ ಕೂಡ ಇವರೇ. ಆ ಸಹಾಯಕನನ್ನು ಜನ 'ಈಗೋರ್' ಅನ್ನುತ್ತಾರೆ. ಅದು ತಪ್ಪು. ಈಗೋರ್ ಬಂದದ್ದು 1939ರ 'ಸನ್ ಆಫ್ ಫ್ರಾಂಕೆನ್‌ಸ್ಟೈನ್'ನಲ್ಲಿ, ಮಾಡಿದವರು ಬೇಲಾ ಲುಗೋಸಿ. ಫ್ರೈ ಅವರ ಕೆಲಸದ ನೆನಪು ಹೀಗೆ ಬೇರೊಂದು ಹೆಸರಿನಡಿ ಉಳಿದುಕೊಂಡಿದೆ.

'ಡ್ರಾಕುಲಾ'ದಲ್ಲಿ ರೆನ್‌ಫೀಲ್ಡ್‌ಗೆ ಎರಡು ದನಿ ಇದೆ. ಶುರುವಿನಲ್ಲಿ ಜಮೀನು ಮಾರಾಟದ ಕಾಗದ ಹಿಡಿದು ಕೋಟೆಗೆ ಬರುವ, ಕೊಂಚ ಅಂಜುವ ಸಭ್ಯ ಇಂಗ್ಲಿಷ್ ಮನುಷ್ಯ. ಆಮೇಲೆ ಹಡಗು ಬಂದರಿಗೆ ಬರುತ್ತದೆ. ಹಡಗಿನಲ್ಲಿದ್ದವರೆಲ್ಲ ಸತ್ತಿದ್ದಾರೆ. ಒಳಗಿಂದ ಏನೋ ಸದ್ದು. ಬಾಗಿಲು ತೆಗೆದು ನೋಡಿದರೆ ಮೆಟ್ಟಿಲ ಕೆಳಗೆ ಫ್ರೈ, ಕಣ್ಣರಳಿಸಿ ಮೇಲೆ ನೋಡುತ್ತಿದ್ದಾರೆ. ಬಾಯಿ ಹೆಚ್ಚು ತೆರೆಯುವುದಿಲ್ಲ. ಗಂಟಲಲ್ಲೇ ಸಿಕ್ಕಿಕೊಂಡ, ಉಸಿರು ಬಿಡದ ಒಂದು ನಗು. ಅದು ಟಾಕಿಗೆ ಮಾತ್ರ ಸಾಧ್ಯವಾದ ನಟನೆ. ಸೌಂಡ್ ಹಾಕಿಸದ ಥಿಯೇಟರುಗಳಿಗಾಗಿ 'ಡ್ರಾಕುಲಾ'ದ ಮೂಕಿ ಪ್ರತಿಯನ್ನೂ ಕಳಿಸಿದ್ದರು. ಅಲ್ಲಿ ಕೂತವರಿಗೆ ಆ ನಗು ಕೇಳಿಸಲೇ ಇಲ್ಲ. ಇನ್ನೂ ಒಂದು ಹೋಲಿಕೆಗೆ ಅವಕಾಶ ಇದೆ. ಹಗಲು ಇಂಗ್ಲಿಷ್ ಚಿತ್ರ ತೆಗೆದ ಸೆಟ್ಟುಗಳಲ್ಲೇ ರಾತ್ರಿ ಬೇರೆ ನಟರನ್ನಿಟ್ಟು ಸ್ಪ್ಯಾನಿಷ್ 'ಡ್ರಾಕುಲಾ' ತೆಗೆದರು. ಅದರಲ್ಲಿ ರೆನ್‌ಫೀಲ್ಡ್ ಆದವರು ಪಾಬ್ಲೋ ಆಲ್ವರೆಸ್ ರೂಬಿಯೋ. ಅವರದ್ದು ಜೋರು ಆರ್ಭಟ, ಪೂರ್ತಿ ಬಿಚ್ಚಿದ ಹುಚ್ಚು. ಎರಡನ್ನೂ ಪಕ್ಕಪಕ್ಕದಲ್ಲಿ ನೋಡಿದರೆ ಫ್ರೈ ಎಷ್ಟು ಒಳಗೆ ಹಿಡಿದುಕೊಂಡಿದ್ದರು ಅನ್ನುವುದು ಗೊತ್ತಾಗುತ್ತದೆ.

'ಫ್ರಾಂಕೆನ್‌ಸ್ಟೈನ್'ನಲ್ಲಿ ಅವರದ್ದು ಇನ್ನೊಂದು ಸಣ್ಣ ಕೆಲಸ ಇದೆ, ಸುಲಭಕ್ಕೆ ಕಣ್ಣಿಗೆ ಬೀಳುವುದಿಲ್ಲ. ಕುಳ್ಳ ಊರುಗೋಲು ಹಿಡಿದು ಗೋಪುರದ ಮೆಟ್ಟಿಲು ಹತ್ತುತ್ತಾ ಫ್ರಿಟ್ಸ್ ನಡುವೆ ನಿಲ್ಲುತ್ತಾನೆ. ಜಾರಿದ ಕಾಲುಚೀಲವನ್ನು ಮೇಲೆಳೆದುಕೊಂಡು ಮತ್ತೆ ಹತ್ತುತ್ತಾನೆ. ಹೊರಗೆ ಗುಡುಗು ಮಿಂಚು, ಒಳಗೆ ಹೆಣಕ್ಕೆ ಜೀವ ತುಂಬುವ ಕೆಲಸ, ಇವನಿಗೆ ಕಾಲುಚೀಲದ ಚಿಂತೆ. ಆ ಎರಡು ಸೆಕೆಂಡಿನಲ್ಲಿ ಅವನು ದೆವ್ವದ ಕಥೆಯ ಬೊಂಬೆಯಾಗಿ ಉಳಿಯದೆ, ಚಳಿಗೆ ನಡುಗುವ ಮನುಷ್ಯನಾಗುತ್ತಾನೆ.

ಈ ಎರಡು ಪಾತ್ರಗಳೇ ಅವರಿಗೆ ಉರುಳಾದವು. 1899ರಲ್ಲಿ ಕ್ಯಾನ್ಸಸ್‌ನ ಸಲೈನಾದಲ್ಲಿ ಹುಟ್ಟಿದ ಫ್ರೈ 1920ರ ದಶಕದಲ್ಲಿ ನ್ಯೂಯಾರ್ಕಿನ ನಾಟಕರಂಗವಾದ ಬ್ರಾಡ್‌ವೇಯಲ್ಲಿ ಹೆಸರು ಮಾಡಿದ್ದರು, ಅದೂ ಹಾಸ್ಯ ಪಾತ್ರಗಳಲ್ಲಿ ಕೂಡ. ಹಾಲಿವುಡ್ ಅವರಿಗೆ ಕೊಟ್ಟದ್ದು ಹುಚ್ಚರ, ಹೆಣ ಕದಿಯುವವರ, ಊರ ಪೆದ್ದರ ಪಾತ್ರಗಳನ್ನು. ನನಗೆ ಹಾಸ್ಯ ಕೊಡಿ, ಹುಚ್ಚರ ಪಾತ್ರ ಮಾಡಿ ಮಾಡಿ ನನಗೇ ಹುಚ್ಚು ಹಿಡಿಯುವ ಮೊದಲು ಕೊಡಿ ಅಂತ ಅವರು ಬಹಿರಂಗವಾಗಿಯೇ ಬೇಡಿಕೊಂಡರು. ಯಾರೂ ಕೊಡಲಿಲ್ಲ. 1939ರ ಹೊತ್ತಿಗೆ ಅವರ ದೃಶ್ಯಗಳನ್ನು ಅಂತಿಮ ಪ್ರತಿಯಿಂದಲೇ ಕತ್ತರಿಸುವಂತಾಯಿತು. ಎರಡನೇ ಮಹಾಯುದ್ಧದ ಕಾಲಕ್ಕೆ ಹೊಟ್ಟೆಪಾಡಿಗೆ ವಿಮಾನ ಕಾರ್ಖಾನೆಯಲ್ಲಿ ರಾತ್ರಿ ಪಾಳಿಯ ಕೆಲಸ ಮಾಡುತ್ತಿದ್ದರು. ಆಗ ಒಂದು ಒಳ್ಳೆಯ ಪಾತ್ರ ಬಂತು. ಅಧ್ಯಕ್ಷ ವಿಲ್ಸನ್ ಬಗೆಗಿನ ದೊಡ್ಡ ಚಿತ್ರದಲ್ಲಿ ಯುದ್ಧಮಂತ್ರಿ ನ್ಯೂಟನ್ ಬೇಕರ್ ಪಾತ್ರ. ಕೊನೆಗೂ ಹುಚ್ಚನಲ್ಲದ ಮನುಷ್ಯ. ಚಿತ್ರೀಕರಣಕ್ಕೆ ಮೊದಲೇ, 1943ರ ನವೆಂಬರ್ 7ರಂದು, ಹಾಲಿವುಡ್‌ನಲ್ಲಿ ಬಸ್ಸಿನಲ್ಲಿದ್ದಾಗ ಹೃದಯಾಘಾತವಾಗಿ ತೀರಿಕೊಂಡರು. ವಯಸ್ಸು 44. ಮರಣ ಪತ್ರದಲ್ಲಿ ಉದ್ಯೋಗದ ಜಾಗದಲ್ಲಿ ಬರೆದದ್ದು 'ಟೂಲ್ ಡಿಸೈನರ್' ಅಂತ.

ಯೂನಿವರ್ಸಲ್ ಸ್ಟುಡಿಯೋದ ಇದೇ ಭಯದ ಚಿತ್ರಗಳಲ್ಲಿ ಬೆಲ್‌ಫಾಸ್ಟ್‌ನಿಂದ ಬಂದ ಊನಾ ಓ'ಕಾನರ್ ಕೂಡ ಇದ್ದಾರೆ. 1933ರ 'ದಿ ಇನ್‌ವಿಸಿಬಲ್ ಮ್ಯಾನ್'ನಲ್ಲಿ ಕಿರುಚುವ ಹೋಟೆಲ್ ಒಡತಿ. ಕೆಲವರಿಗೆ ಆ ಕಿರುಚಾಟ ಅತಿ ಅನಿಸುತ್ತದೆ. ನನಗೆ ಹಾಗನಿಸುವುದಿಲ್ಲ. ಕಾಣದ ಮನುಷ್ಯನನ್ನು ನಾವು ನಂಬಬೇಕಾದರೆ ಯಾರೋ ಒಬ್ಬರು ಅವನನ್ನು 'ಕಂಡು' ಹೆದರಲೇಬೇಕು.

ಪ್ರೇಕ್ಷಕರ ನೆನಪೂ ಇವರಿಗೆ ಅಡ್ಡ ಬಂದದ್ದುಂಟು. ಝಾಸು ಪಿಟ್ಸ್ ಮೂಕಿ ಕಾಲದಲ್ಲಿ 'ಗ್ರೀಡ್'ನಂಥ ಚಿತ್ರದಲ್ಲಿ ಎದೆ ನಡುಗಿಸುವ ನಟನೆ ಮಾಡಿದವರು. ಟಾಕಿ ಬಂದ ಮೇಲೆ ಅವರ ಅಳುಕು ದನಿ ಹಾಸ್ಯಕ್ಕೆ ಹೊಂದಿತು, ಜನ ನಗಲು ಕಲಿತರು. 1930ರ 'ಆಲ್ ಕ್ವಯಟ್ ಆನ್ ದ ವೆಸ್ಟರ್ನ್ ಫ್ರಂಟ್'ನಲ್ಲಿ ಸೈನಿಕನ ತಾಯಿಯಾಗಿ ನಟಿಸಿದರೆ, ಮುನ್ನೋಟದ ಪ್ರದರ್ಶನದಲ್ಲಿ ಅವರನ್ನು ಕಂಡ ಕೂಡಲೇ ಪ್ರೇಕ್ಷಕರು ನಕ್ಕುಬಿಟ್ಟರು. ದೃಶ್ಯಗಳನ್ನು ಬೆರಿಲ್ ಮರ್ಸರ್ ಅವರನ್ನಿಟ್ಟು ಮತ್ತೆ ತೆಗೆದರು.

ಈಗ ನೀವು ಕೇಳಿದ 'ಮನೆಕೆಲಸದಾಕೆ'. ಇಲ್ಲಿ ಕಥೆ ಬೇರೆ ದಾರಿ ಹಿಡಿಯುತ್ತದೆ. ಲೇನ್ ಅವರಿಗೆ ಒಂದೇ ಬಗೆಯ ಪಾತ್ರ ಸಿಕ್ಕಿದ್ದು ಅವರ ಮುಖ, ದನಿಯಿಂದ. ಕಪ್ಪು ಜನಾಂಗದ ನಟಿಯರಿಗೆ ಒಂದೇ ಬಗೆಯ ಪಾತ್ರ ಸಿಕ್ಕಿದ್ದು ಚರ್ಮದ ಬಣ್ಣದಿಂದ. ಎರಡನ್ನೂ ಒಂದೇ ತಕ್ಕಡಿಯಲ್ಲಿ ತೂಗುವುದು ಅನ್ಯಾಯ.

ಟೆರೀಸಾ ಹ್ಯಾರಿಸ್ ಟೆಕ್ಸಾಸ್‌ನ ಹ್ಯೂಸ್ಟನ್‌ನವರು. ಸಂಗೀತ ಕಲಿತವರು. 1929ರ 'ಥಂಡರ್‌ಬೋಲ್ಟ್' ಚಿತ್ರದಲ್ಲಿ ನೈಟ್‌ಕ್ಲಬ್ ಗಾಯಕಿಯಾಗಿ ಮೊದಲು ಕಂಡರು. ಅಲ್ಲಿಂದ ಮುಂದೆ ಸುಮಾರು ಮೂವತ್ತು ವರ್ಷ ಪರದೆಯ ಮೇಲೆ ಇದ್ದರು. ಬಹುಪಾಲು ಪಾತ್ರಗಳಲ್ಲಿ ಬಿಳಿ ಏಪ್ರನ್, ಕೈಯಲ್ಲಿ ತಟ್ಟೆ. ಆದರೆ 1933ರ 'ಬೇಬಿ ಫೇಸ್' ನೋಡಿ. ಬಾರ್ಬರಾ ಸ್ಟಾನ್‌ವಿಕ್ ಮಾಡಿದ ಲಿಲಿ, ಹ್ಯಾರಿಸ್ ಮಾಡಿದ ಚೀಕೊ, ಇಬ್ಬರೂ ಗೂಡ್ಸ್ ರೈಲಿನಲ್ಲಿ ಕದ್ದು ಕೂತು ನ್ಯೂಯಾರ್ಕಿಗೆ ಬರುತ್ತಾರೆ. ಲಿಲಿ ಮೇಲೇರಿದಂತೆ ಚೀಕೊ ಹೊರಗಿನವರ ಕಣ್ಣಿಗೆ ಅವಳ ಕೆಲಸದಾಕೆ. ಒಳಗೆ ಗೆಳತಿ. ಚೀಕೊಳನ್ನು ಓಡಿಸುವ ಮಾತು ಬಂದಾಗೆಲ್ಲ ಲಿಲಿ ಜಗ್ಗುವುದಿಲ್ಲ. ಆ ಕಾಲದ ಹಾಲಿವುಡ್‌ನಲ್ಲಿ ಇಂಥ ಸಂಬಂಧ ಅಪರೂಪದಲ್ಲಿ ಅಪರೂಪ. ಹ್ಯಾರಿಸ್ ಅದನ್ನು ಮಾತಿಲ್ಲದೆ ತೋರಿಸುತ್ತಾರೆ. ಲಿಲಿ ಗಂಡಸರ ಎದುರು ನಾಟಕವಾಡುವಾಗ ಹಿಂದೆ ನಿಂತ ಚೀಕೊಳ ಕಣ್ಣು ನೋಡಿ. ಎಲ್ಲ ಗೊತ್ತು, ಆದರೂ ತೀರ್ಪು ಕೊಡುವುದಿಲ್ಲ.

ಅದೇ ವರ್ಷದ 'ಪ್ರೊಫೆಷನಲ್ ಸ್ವೀಟ್‌ಹಾರ್ಟ್'ನಲ್ಲಿ ಜಿಂಜರ್ ರಾಜರ್ಸ್ ರೇಡಿಯೋ ತಾರೆ. ಆಕೆ ಇಲ್ಲದಾಗ ಮೈಕ್ ಮುಂದೆ ನಿಂತು ಹಾಡುವವಳು ಕೆಲಸದಾಕೆ ವೀರಾ, ಅಂದರೆ ಹ್ಯಾರಿಸ್. ಕಥೆಗೆ ತಿರುವು ಕೊಡುವ ಪಾತ್ರ. ಟೈಟಲ್‌ನಲ್ಲಿ ಹೆಸರಿಲ್ಲ. 1947ರ 'ಔಟ್ ಆಫ್ ದ ಪಾಸ್ಟ್'ನಲ್ಲಿ ಕ್ಲಬ್ಬಿನ ಮೇಜಿನ ಬಳಿ ನಾಯಕ ಮಾತಾಡಿಸುವ ಯೂನೀಸ್ ಕೂಡ ಅವರೇ. ಅಲ್ಲೂ ಹೆಸರಿಲ್ಲ. ಹಾಲಿವುಡ್‌ನಲ್ಲಿ ಕೆಲಸದಾಕೆಯ ಪಾತ್ರ ಮೀರಿ ಹೋಗುವ ಅವಕಾಶವೇ ನನಗೆ ಕಾಣಲಿಲ್ಲ, ನನ್ನ ಬಣ್ಣ ಅಡ್ಡ ಬಂತು ಅಂತ 1930ರ ದಶಕದಲ್ಲೇ ಅವರು ಕಪ್ಪು ಜನರ ಪತ್ರಿಕಾ ಸಂದರ್ಶನದಲ್ಲಿ ಹೇಳಿದರು. ಸ್ಟುಡಿಯೋ ಬಾಗಿಲು ಮುಚ್ಚಿಬಿಡಬಹುದು ಅನ್ನುವ ಕಾಲದಲ್ಲಿ ಹಾಗೆ ಹೇಳಲು ಧೈರ್ಯ ಬೇಕು. 1985ರಲ್ಲಿ ಅವರು ತೀರಿಕೊಂಡಾಗ ಹೆಚ್ಚು ಜನಕ್ಕೆ ನೆನಪಿರಲಿಲ್ಲ. 2011ರಲ್ಲಿ ಲಿನ್ ನಾಟೇಜ್ ಇವರ ಬದುಕಿನಿಂದ ಪ್ರೇರಣೆ ಪಡೆದು 'ಬೈ ದ ವೇ, ಮೀಟ್ ವೀರಾ ಸ್ಟಾರ್ಕ್' ನಾಟಕ ಬರೆದ ಮೇಲೆ ಹೊಸ ತಲೆಮಾರು ಹುಡುಕತೊಡಗಿತು.

ಇದೇ ಸಾಲಿನ ಲೂಯಿಸ್ ಬೀವರ್ಸ್ 1934ರ 'ಇಮಿಟೇಷನ್ ಆಫ್ ಲೈಫ್'ನಲ್ಲಿ ಮಗಳಿಂದ ದೂರವಾಗುವ ತಾಯಿಯಾಗಿ ಇಡೀ ಚಿತ್ರವನ್ನು ಹೊತ್ತರು. ಆಗ ಪೋಷಕ ನಟರಿಗೆ ಆಸ್ಕರ್ ಇರಲೇ ಇಲ್ಲ. ಅದು ಶುರುವಾದದ್ದು 1936ರ ಚಿತ್ರಗಳಿಗೆ. ಮೊದಲು ಗೆದ್ದವರು ವಾಲ್ಟರ್ ಬ್ರೆನನ್ ಮತ್ತು ಗೇಲ್ ಸಾಂಡರ್‌ಗಾರ್ಡ್. ಅದರಲ್ಲೂ ತಾರತಮ್ಯ ನೋಡಿ. ನಾಯಕ ನಾಯಕಿಗೆ ಚಿನ್ನದ ಬಣ್ಣದ ಪ್ರತಿಮೆ, ಪೋಷಕ ನಟರಿಗೆ ಒಂದು ಫಲಕ. ಅವರಿಗೂ ಪೂರ್ತಿ ಪ್ರತಿಮೆ ಸಿಗತೊಡಗಿದ್ದು 1940ರ ದಶಕದ ನಡುವೆ. ಹ್ಯಾಟಿ ಮೆಕ್‌ಡೇನಿಯಲ್ 1940ರ ಫೆಬ್ರುವರಿ 29ರಂದು ಆಸ್ಕರ್ ಗೆದ್ದ ಮೊದಲ ಕಪ್ಪು ಕಲಾವಿದೆಯಾದರು. ಆ ರಾತ್ರಿ ಅವರನ್ನು ಕೂರಿಸಿದ್ದು ಸಹನಟರಿಂದ ದೂರ, ಬೇರೆ ಮೇಜಿನ ಬಳಿ.

'ಪಾರ್ಟಿಯಲ್ಲಿ ನಿಂತ ಹೆಂಗಸು' ಯಾರು ಅಂದಿರಲ್ಲ? ಎತ್ತರದ ನಿಲುವು, ಹೊಂದಿಸಿದ ಕೂದಲು, ಸೊಗಸಾದ ಗೌನ್ ಇದ್ದರೆ ಹತ್ತರಲ್ಲಿ ಎಂಟು ಸಲ ಅದು ಬೆಸ್ ಫ್ಲವರ್ಸ್. ಹಾಲಿವುಡ್ ಎಕ್ಸ್‌ಟ್ರಾಗಳ, ಅಂದರೆ ಹಿನ್ನೆಲೆಯ ಗುಂಪಿನಲ್ಲಿ ನಿಲ್ಲುವ ನಟರ, ರಾಣಿ ಅಂತಲೇ ಕರೆಯುತ್ತಿದ್ದರು. 350ಕ್ಕೂ ಹೆಚ್ಚು ಕಥಾಚಿತ್ರಗಳಲ್ಲಿ ಕಾಣುತ್ತಾರೆ, ಅವುಗಳಲ್ಲಿ ಐದು ಅತ್ಯುತ್ತಮ ಚಿತ್ರದ ಆಸ್ಕರ್ ಗೆದ್ದವು. 'ಇಟ್ ಹ್ಯಾಪನ್ಡ್ ಒನ್ ನೈಟ್'ನಲ್ಲಿ ಸಂಪಾದಕನ ಕಾರ್ಯದರ್ಶಿ ಅವರೇ. ಅವರ ಬಂಡವಾಳ ಬಟ್ಟೆಯ ಬೀರು. ಸ್ವಂತ ಸಂಜೆಯುಡುಪು ತರುವ ಎಕ್ಸ್‌ಟ್ರಾಗಳಿಗೆ ದಿನಗೂಲಿ ಸ್ವಲ್ಪ ಜಾಸ್ತಿ ಇತ್ತು. 1945ರಲ್ಲಿ ಎಕ್ಸ್‌ಟ್ರಾಗಳ ಸಂಘ ಕಟ್ಟುವಾಗಲೂ ಮುಂದಾಳುಗಳಲ್ಲಿ ಒಬ್ಬರು.

ಹೆಸರು ಯಾಕೆ ಇರುವುದಿಲ್ಲ ಅನ್ನುವುದು ಉಳಿಯಿತು. ಆಗ ಇವತ್ತಿನ ಹಾಗೆ ಕೊನೆಗೆ ಉದ್ದದ ಪಟ್ಟಿ ಓಡುತ್ತಿರಲಿಲ್ಲ. ಶುರುವಿನ ಒಂದೆರಡು ಕಾರ್ಡಿನಲ್ಲಿ ಹತ್ತು ಹನ್ನೆರಡು ಹೆಸರು ಹಿಡಿದರೆ ಮುಗಿಯಿತು. ಹೆಸರು ಯಾರಿಗೆ ಅನ್ನುವುದನ್ನು ತೀರ್ಮಾನಿಸುತ್ತಿದ್ದದ್ದು ಕರಾರು. ದಿನಗೂಲಿಯವರಿಗೆ ಅದನ್ನು ಕೇಳುವ ಬಲ ಇರಲಿಲ್ಲ. ಆದರೂ ಹುಡುಕುವವರಿಗೆ ಎರಡು ದಾರಿ ಇದೆ. ವಾರ್ನರ್‌ನ ಆ ಕಾಲದ ಹಲವು ಚಿತ್ರಗಳು ಒಬ್ಬೊಬ್ಬ ನಟರ ಚಲಿಸುವ ಮುಖ ತೋರಿಸಿ, ಕೆಳಗೆ ನಟರ ಹೆಸರು, ಪಾತ್ರದ ಹೆಸರು ಎರಡನ್ನೂ ಹಾಕುತ್ತವೆ. ಮುಖಕ್ಕೆ ಹೆಸರು ಜೋಡಿಸಲು ಇದಕ್ಕಿಂತ ಒಳ್ಳೆಯ ಪಾಠ ಇಲ್ಲ. ಯೂನಿವರ್ಸಲ್ ಚಿತ್ರಗಳು ಕೊನೆಯಲ್ಲಿ, ಒಳ್ಳೆಯ ತಾರಾಗಣವನ್ನು ಇನ್ನೊಮ್ಮೆ ಹೇಳಬೇಕು ಅನ್ನುವ ಅರ್ಥದ ಕಾರ್ಡ್ ಹಾಕಿ ಪಟ್ಟಿ ಕೊಡುತ್ತವೆ. 'ಫ್ರಾಂಕೆನ್‌ಸ್ಟೈನ್'ನ ಶುರುವಿನಲ್ಲಿ ರಾಕ್ಷಸನ ಪಾತ್ರದ ಎದುರು ಬರೀ ಪ್ರಶ್ನಾರ್ಥಕ ಚಿಹ್ನೆ ಇದೆ. ಕಾರ್ಲಾಫ್ ಹೆಸರು ಬರುವುದು ಆ ಕೊನೆಯ ಕಾರ್ಡಿನಲ್ಲಿ. ಹಾಗಾಗಿ ಚಿತ್ರ ಮುಗಿಯಿತು ಅಂತ ತಕ್ಷಣ ನಿಲ್ಲಿಸಬೇಡಿ.

ಮುಂದೆ ಏನು ನೋಡಲಿ ಅಂತ ಕೇಳಿದರೆ, ಮೊದಲು 'ಬೇಬಿ ಫೇಸ್'. ಆದರೆ ಪ್ರತಿ ನೋಡಿಕೊಂಡು ಆರಿಸಿ. 1933ರಲ್ಲಿ ಸೆನ್ಸಾರ್ ಒತ್ತಡಕ್ಕೆ ಅದನ್ನು ಕತ್ತರಿಸಿ, ಮಾತು ಬದಲಾಯಿಸಿ ಬಿಡುಗಡೆ ಮಾಡಿದ್ದರು. ಕತ್ತರಿ ಬೀಳುವ ಮೊದಲಿನ ಪ್ರತಿ 2004ರಲ್ಲಿ ಅಮೆರಿಕದ ಲೈಬ್ರರಿ ಆಫ್ ಕಾಂಗ್ರೆಸ್‌ನ ಸಂಗ್ರಹದಲ್ಲಿ ಸಿಕ್ಕಿತು. ಸುಮಾರು ಐದು ನಿಮಿಷ ಉದ್ದವಾಗಿದೆ. ಡಿವಿಡಿಯಲ್ಲಿ ಎರಡೂ ಸಿಗುತ್ತವೆ. ಉದ್ದದ್ದನ್ನೇ ನೋಡಿ, ಮೊದಲ ಸಲ ಲಿಲಿಗಾಗಿ, ಎರಡನೇ ಸಲ ಚೀಕೊಗಾಗಿ.